ಭೂಮಿ ತೆರೆದರಂತೆ, ಮುಚ್ಚಿದ್ದು ಯಾವಾಗ?

ಮೊನ್ನೆ ಅಂತೂರ ಬೆಂತೂರಕ್ಕೆ ಹೋದಾಗ ಗುಡಿಯ ಕಟ್ಟೆಯ ಮೇಲೆ ಕುಳಿತಿದ್ದ ಹಿರಿಯರೊಬ್ಬರು ನಮಗೊಂದು ಪ್ರಶ್ನೆ ಹಾಕಿದರು. ಜಮೀನು ಕೇಳಿಕೊಂಡು ಬಂದ ದಲಾಲನೊಬ್ಬ ಆ ಕಡೆ ಎರಡು ದಿನ ತಿರುಗಾಡಿ ಹೋಗಿದ್ದನಂತೆ. ಯಾವ ಕಂಪನಿಗೆ, ಯಾವ ಕೆಲಸಕ್ಕೆ ಎಂಬುದನ್ನು ಅವನು ಬಾಯಿಬಿಟ್ಟು ಹೇಳಲಿಲ್ಲ. “ಈ ಸೀಮಿ ಇನ್ನ ಮ್ಯಾಲೆ ಓಪನ್ ಆಗತೈತಿ, ಪ್ಯಾಟಿ ಬರತೈತಿ, ಎಕರೆ ಲೆಕ್ಕ ಬಿಟ್ಟು ಗುಂಟೆ ಲೆಕ್ಕ ಹಿಡೀರಿ” ಎಂದಷ್ಟೇ ಅವನ ಮಾತು. ಹಿರಿಯರು ನಮ್ಮನ್ನು ಕೇಳಿದ್ದು ಇಷ್ಟು: “ಅಲ್ರೀ ಮಾಸ್ತರ, ಭೂಮಿ ತೆರೀತಾರ ಅಂತಾರಲ್ರೀ, ಅದನ್ನ ಮುಚ್ಚಿದ್ದು ಯಾವಾಗ? ನಮ್ಮಪ್ಪ ಬಿತ್ತಿದ, ನಾ ಬಿತ್ತೇನಿ. ಮುಚ್ಚಿದ್ದನ್ನ ನಾವ್ಯಾರೂ ನೋಡಿಲ್ಲಲ್ರೀ.”

ಆ ಪ್ರಶ್ನೆಗೆ ನಿಂತ ಕಾಲ ಮೇಲೆ ಉತ್ತರ ಹೇಳುವುದು ನಮ್ಮಿಂದ ಆಗಲಿಲ್ಲ. ಚಹಾ ಕುಡಿದು ಬಂದೆವು. ದಾರಿಯುದ್ದಕ್ಕೂ ಅದೇ ವಿಚಾರ. ಈ ವಾರ ಅದನ್ನೇ ವಾಚಕರ ಮುಂದೆ ಇಡುತ್ತಿದ್ದೇವೆ.

ಇದು ಒಕ್ಕಲಿಗರ ಮಾತು, ಗಿರಣಿಯಲ್ಲಿ ದುಡಿಯುವ ನಮಗೇನು, ಗದಗ ಬೆಟಗೇರಿಯ ಪೇಟೆಯಲ್ಲಿ ಸಣ್ಣ ಅಂಗಡಿ ಇಟ್ಟುಕೊಂಡ ನಮಗೇನು ಎಂದು ಪುಟ ಮಗುಚಬೇಡಿರಿ. ಹೊಲ ಕೇಳುವಾಗ ಹೇಳುವ ಕಾರಣ ನಿಮ್ಮದೇ. ಕೂಲಿಕಾರನಿಗೆ ಕೆಲಸ ಸಿಗುತ್ತದೆ, ವ್ಯಾಪಾರಿಗೆ ಗಿರಾಕಿ ಸಿಗುತ್ತಾನೆ, ಊರು ಪೇಟೆಯಾಗುತ್ತದೆ ಎಂದು ನಿಮ್ಮ ಹೆಸರಿನ ಮೇಲೆ ಹೊಲ ಕೇಳುತ್ತಾರೆ. ನಿಮ್ಮ ಹೆಸರಿನ ಮೇಲೆ ಎತ್ತಿದ ಸಾಲಕ್ಕೆ ನೀವು ಲೆಕ್ಕ ಕೇಳಬೇಡವೆ?

ಭೂಮಿಯನ್ನು ತೆರೆಯುವುದು ಎಂಬ ಮಾತು ಹುಟ್ಟಿ ಬೆಳೆದದ್ದು ಅಮೇರಿಕದಲ್ಲಿ. ಒಂದು ಕಾಲಕ್ಕೆ ನಾವು ಹುಡುಗರಿಗೆ ಭೂಗೋಲ ಕಲಿಸುತ್ತಿದ್ದೆವು. ಗೋಡೆಯ ನಕಾಶೆಯ ಮೇಲೆ ಅಮೇರಿಕದ ನಡುಸೀಮೆಗೆ ಬೆತ್ತ ಹಚ್ಚಿ, ಇದು ಜಗತ್ತಿನ ಗೋದಿಯ ಕಣಜ ಎಂದು ಹೇಳಿಕೊಡುತ್ತಿದ್ದೆವು. ಆ ಕಣಜ ಮೊದಲು ಯಾರದಾಗಿತ್ತು ಎಂದು ಪಾಠದಲ್ಲಿ ಇರಲಿಲ್ಲ, ನಾವೂ ಹೇಳಲಿಲ್ಲ.

ಅಲ್ಲಿ ಚೆರೊಕೀ ಎಂಬ ಮೂಲನಿವಾಸಿ ಜನಾಂಗವಿದೆ. ಅವರ ಮೂಲ ನಾಡು ಆಗ್ನೇಯ ದಿಕ್ಕಿನ ಜಾರ್ಜಿಯಾ ಮತ್ತು ಅದರ ಸುತ್ತಲಿನ ಗುಡ್ಡಗಾಡು. ಕಾಡುಜನರೆಂದು ಮೂಗು ಮುರಿಯುವಂತಿಲ್ಲ. ಸೆಕೋಯಾ ಎಂಬ ಅವರದೇ ಮನುಷ್ಯ 1821ರ ಹೊತ್ತಿಗೆ ಅವರ ಭಾಷೆಗೆ ಲಿಪಿ ಮಾಡಿದ್ದ. 1828ರಲ್ಲಿ ಅವರು ತಮ್ಮದೇ ಪತ್ರಿಕೆ ನಡೆಸುತ್ತಿದ್ದರು. ಭೂಮಿ ಇಡೀ ಜನಾಂಗಕ್ಕೆ ಸೇರಿದ್ದು. ಉತ್ತವನಿಗೆ ಉಣ್ಣುವ ಹಕ್ಕು, ಮಾರುವ ಹಕ್ಕಿಲ್ಲ. ಅವರೆಲ್ಲ ದೇವತೆಗಳೆಂದು ನಾವು ಹೇಳುವುದಿಲ್ಲ. ಅವರಲ್ಲಿಯ ಶ್ರೀಮಂತರು ಕರಿಯ ಗುಲಾಮರನ್ನು ಇಟ್ಟುಕೊಂಡಿದ್ದರು. ಆದರೂ ಅವರದೊಂದು ನಾಡಾಗಿತ್ತು. 1829ರಲ್ಲಿ ಆ ಸೀಮೆಯಲ್ಲಿ ಬಂಗಾರ ಸಿಕ್ಕಿತು. ಮರುವರ್ಷ, 1830ರಲ್ಲಿ, ಮೂಲನಿವಾಸಿಗಳನ್ನು ಎತ್ತಿಹಾಕುವ ಕಾಯದೆ ಬಂದಿತು. 1832ರಲ್ಲಿ ಜಾರ್ಜಿಯಾ ಸರಕಾರ ಅವರ ಹೊಲಗಳನ್ನು ಬಿಳಿಯರಿಗೆ ಲಾಟರಿಯ ಚೀಟಿ ಎತ್ತಿ ಹಂಚಿತು. ಸರ್ವೋಚ್ಚ ನ್ಯಾಯಾಲಯ ಅದೇ ವರ್ಷ ಚೆರೊಕೀಗಳ ಪರವಾಗಿ ತೀರ್ಪು ಕೊಟ್ಟರೂ ಅದು ನಡೆಯಲಿಲ್ಲ. 1835ರ ಡಿಸೆಂಬರದಲ್ಲಿ, ಜನಾಂಗದ ಮುಖ್ಯಸ್ಥರು ಒಪ್ಪದಿದ್ದರೂ, ಸಣ್ಣದೊಂದು ಗುಂಪಿನಿಂದ ಕರಾರಿಗೆ ಸಹಿ ಹಾಕಿಸಿಕೊಂಡರು. 1838ರಲ್ಲಿ ಸೈನ್ಯ ಬಂದು ಸುಮಾರು 16 ಸಾವಿರ ಜನರನ್ನು ಪಡುವಲಕ್ಕೆ ಅಟ್ಟಿತು. ಸುಮಾರು 4 ಸಾವಿರ ಜನ ಸತ್ತರು. ಆ ದಾರಿಗೆ ಅವರು ಕಣ್ಣೀರಿನ ದಾರಿ ಎನ್ನುತ್ತಾರೆ.

ಇದು ಬಂದೂಕಿನ ಕಥೆ. ನಮಗೆ ಹೆಚ್ಚು ಬೇಕಾದದ್ದು ಇದರ ಮುಂದಿನದು, ಕಾಗದದ ಕಥೆ.

ಹೊಸ ಸೀಮೆಯಲ್ಲಿ, ಈಗಿನ ಒಕ್ಲಹೋಮ ರಾಜ್ಯದಲ್ಲಿ, ಚೆರೊಕೀಗಳಿಗೆ ಶಾಶ್ವತವೆಂದು ಕೊಟ್ಟ ಭೂಮಿಯ ಜೊತೆಗೆ ಪಡುವಲಕ್ಕೆ ಉದ್ದನೆಯ ಒಂದು ಪಟ್ಟಿ ಇತ್ತು. ಅಗಲ ಸುಮಾರು 60 ಮೈಲು. ಅದರಲ್ಲಿ ಕೊನೆಗೆ ಮಾರಾಟಕ್ಕೆ ಬಂದ ಭಾಗವೇ 60 ಲಕ್ಷ ಎಕರೆಗೂ ಮೇಲೆ; ನಮ್ಮ ಗದಗ ಜಿಲ್ಲೆಯಂಥ ಐದು ಜಿಲ್ಲೆ ಅದರಲ್ಲಿ ಹಿಡಿಸುತ್ತವೆ. ಅಲ್ಲಿ ಹುಲ್ಲು ಚೆನ್ನಾಗಿ ಬೆಳೆಯುತ್ತಿತ್ತು. ದನ ಸಾಕುವ ಸಾಹುಕಾರರ ಸಂಘವೊಂದು 1883ರಲ್ಲಿ ಅದನ್ನು ವರ್ಷಕ್ಕೆ 1 ಲಕ್ಷ ಡಾಲರಿನಂತೆ ಲಾವಣಿಗೆ ಹಿಡಿಯಿತು. ಮುಂದೆ ಆ ಲಾವಣಿ 2 ಲಕ್ಷಕ್ಕೆ ಏರಿತು. ಚೆರೊಕೀಗಳಿಗೆ ಭೂಮಿಯೂ ಉಳಿದಿತ್ತು, ವರ್ಷಾವರ್ಷ ಹಣವೂ ಬರುತ್ತಿತ್ತು. ಮಾರಬೇಕಾದ ಗರಜೇನಿತ್ತು? ಸರಕಾರ ಕೇಳಿದಾಗ ಅವರು ಒಲ್ಲೆವೆಂದರು.

ಆಗ ಸರಕಾರ ಸೈನ್ಯ ಕಳಿಸಿ ಭೂಮಿ ಕಸಿಯಲಿಲ್ಲ. ಒಂದು ಹುಕುಂ ಹೊರಡಿಸಿತು. 1890ರಲ್ಲಿ ಅಧ್ಯಕ್ಷ ಹ್ಯಾರಿಸನ್ ಆ ಸೀಮೆಯಿಂದ ದನಗಳೆಲ್ಲ ಹೊರಬೀಳತಕ್ಕದ್ದೆಂದು ಅಪ್ಪಣೆ ಮಾಡಿದನು. ದನ ಹೋದವು, ಲಾವಣಿ ನಿಂತಿತು. ಕೈಯಲ್ಲಿ ಹಣವಿಲ್ಲದ ಭೂಮಿ ಎಷ್ಟು ದಿನ ಕೈಯಲ್ಲಿ ನಿಲ್ಲುತ್ತದೆ? 1891ರಲ್ಲಿ ಅವರು ಮಾರಾಟಕ್ಕೆ ಒಪ್ಪಿದರು. ಸುಮಾರು 85 ಲಕ್ಷ ಡಾಲರು, ಎಕರೆಗೆ ಹತ್ತಿರ ಹತ್ತಿರ 1 ಡಾಲರು 40 ಸೆಂಟು. ಆ ದರ ತೀರ ಕಡಿಮೆಯಾಗಿತ್ತೆಂದು ಅಮೇರಿಕದ್ದೇ ದಾವಾ ಆಯೋಗ 1960ರ ದಶಕದ ಆರಂಭದಲ್ಲಿ ಒಪ್ಪಿ ಸುಮಾರು ಒಂದೂವರೆ ಕೋಟಿ ಡಾಲರು ಹೆಚ್ಚಿನ ಪರಿಹಾರ ಗೊತ್ತುಮಾಡಿತು. ಮಾರಿದವರ ಮೊಮ್ಮಕ್ಕಳ ಕಾಲಕ್ಕೆ!

1893ರ ಸಪ್ಟೆಂಬರ 16, ಮಧ್ಯಾಹ್ನ 12 ಗಂಟೆಗೆ ಆ ಭೂಮಿಯನ್ನು ‘ತೆರೆದರು’. ಗಡಿಯ ಗುಂಟ ಒಂದು ಲಕ್ಷಕ್ಕೂ ಮೇಲೆ ಜನ ನಿಂತಿದ್ದರು. ಕುದುರೆಯ ಮೇಲೆ, ಬಂಡಿಯಲ್ಲಿ, ರೈಲಿನ ಡಬ್ಬಿಗಳಲ್ಲಿ, ಬರಿಗಾಲಲ್ಲಿ. ಹೆಸರು ಬರೆಸಿ ಚೀಟಿ ಪಡೆಯಲು ದಿನಗಟ್ಟಲೆ ಬಿಸಿಲಲ್ಲಿ, ಧೂಳಿನಲ್ಲಿ ಸಾಲು ಹಚ್ಚಿದ್ದರು. ಕುಡಿಯುವ ನೀರು ಕೂಡ ದುಡ್ಡಿಗೆ ಮಾರಾಟವಾಯಿತು. ಬಂದೂಕು ಹಾರಿತು, ಜನ ಓಡಿದರು. ಯಾರು ಮೊದಲು ಗೂಟ ನೆಟ್ಟರೋ ಅವರಿಗೆ 160 ಎಕರೆ. ಸುಮಾರು 40 ಸಾವಿರ ತುಂಡುಗಳು, ಲಕ್ಷಕ್ಕೂ ಮೇಲ್ಪಟ್ಟ ಓಟಗಾರರು. ಅರ್ಧಕ್ಕಿಂತ ಹೆಚ್ಚು ಜನ ಬರಿಗೈಯಲ್ಲಿ ತಿರುಗಿ ಹೋದರು. ಕಳ್ಳದಾರಿಯಿಂದ ಮೊದಲೇ ಒಳನುಗ್ಗಿ ಹುಲ್ಲಿನಲ್ಲಿ ಅಡಗಿ ಕುಳಿತವರು ಒಳ್ಳೆಯ ತುಂಡುಗಳನ್ನು ಹೊಡೆದುಕೊಂಡರು. ದಲಾಲರ ಕಣ್ಣು ನಕಾಶೆಯ ಮೇಲೆ ನಮಗಿಂತ ಮೊದಲೇ ಬೀಳುತ್ತದೆ ಎಂಬುದು ಹೊಸ ಸುದ್ದಿಯಲ್ಲ.

ಊರುಗಳು ಬಂದವೆ? ಬಂದವು. ಇಲ್ಲವೆಂದರೆ ಸುಳ್ಳಾದೀತು. ಪೆರಿ, ಈನಿಡ್, ಆಲ್ವಾ, ವುಡ್‌ವರ್ಡ್ ಈ ನಾಲ್ಕೂ ಕಡೆ ಸರಕಾರ ಭೂಮಿಯ ಕಚೇರಿ ತೆರೆದಿತ್ತು. ಸಂಜೆಯ ಹೊತ್ತಿಗೆ ಬಯಲಿನಲ್ಲಿ ಡೇರೆಗಳ ಪಟ್ಟಣ ಎದ್ದವು. ಈಗಲೂ ಆ ಊರುಗಳಿವೆ. ಆದರೆ ಸಣ್ಣ ವ್ಯಾಪಾರಿಗಳು ಈನಿಡ್ ಊರಿನ ಕಥೆಯನ್ನು ಕಿವಿಗೊಟ್ಟು ಕೇಳಬೇಕು. ಅಲ್ಲಿ ಎರಡು ಈನಿಡ್ ಹುಟ್ಟಿದವು. ಒಂದು ರೈಲ್ವೆ ನಿಲ್ದಾಣದ ಹತ್ತಿರದ್ದು. ಇನ್ನೊಂದು ಅದರಿಂದ ಸುಮಾರು ಮೂರು ಮೈಲು ದಕ್ಷಿಣಕ್ಕೆ ಸರಕಾರ ಗುರುತಿಸಿದ್ದು. ಸರಕಾರದ ಮಾತು ನಂಬಿ ಜನ ದಕ್ಷಿಣದ ಊರಿನಲ್ಲಿ ಜಾಗ ಹಿಡಿದು ಅಂಗಡಿ ಹಾಕಿದರು. ರೈಲು ಕಂಪನಿಯವರು ಅಲ್ಲಿ ಗಾಡಿಯನ್ನೇ ನಿಲ್ಲಿಸಲಿಲ್ಲ. ಕೂಗು ಹಾಕುತ್ತ ಊರ ನಡುವಿನಿಂದಲೇ ಓಡಿಸಿಕೊಂಡು ಹೋದರು. ವ್ಯಾಪಾರಿ ತನ್ನ ಮಾಲನ್ನು ಮೂರು ಮೈಲು ಆಚೆಯಿಂದ ಬಂಡಿಯ ಬಾಡಿಗೆ ಕೊಟ್ಟು ತರಿಸಬೇಕಾಯಿತು. ತಿಂಗಳುಗಟ್ಟಲೆ ಅರ್ಜಿ ಕೊಟ್ಟು ಸಾಕಾದ ಮೇಲೆ ಜನ ಹಳಿ ಕಿತ್ತರು, ಸೇತುವೆಯ ಕಂಬ ಗರಗಸದಿಂದ ಕೊಯ್ದರು. 1894ರ ಆಗಸ್ಟದಲ್ಲಿ, ಗಾಡಿ ನಿಲ್ಲಿಸತಕ್ಕದ್ದೆಂದು ಸಂಸತ್ತೇ ಕಾಯದೆ ಮಾಡಬೇಕಾಯಿತು. ಹೊಲ ಕಳೆದುಕೊಂಡವನು ಚೆರೊಕೀ. ಹೊಲದ ಮೇಲೆ ಅಂಗಡಿ ಹಾಕಿದವನಿಗಾದರೂ ಸುಖವಿತ್ತೆ? ಊರು ಎಲ್ಲಿ ಬೆಳೆಯಬೇಕು ಎಂಬ ಕೀಲಿ ಕೈ ಕಂಪನಿಯ ಕಿಸೆಯಲ್ಲಿತ್ತು.

ಗೂಟ ನೆಟ್ಟು ಗೆದ್ದ ಒಕ್ಕಲಿಗರ ಗತಿಯಾದರೂ ಏನಾಯಿತು? ಮಳೆ ಕೈಕೊಟ್ಟಿತು, ಬಡ್ಡಿ ಬೆಳೆಯಿತು, ಹೊಲ ಒತ್ತೆ ಬಿದ್ದವು. 1910ರ ಗಣತಿಯ ಹೊತ್ತಿಗೆ ಒಕ್ಲಹೋಮದ ಅರ್ಧಕ್ಕಿಂತ ಹೆಚ್ಚು ಹೊಲಗಳನ್ನು ಗೇಣಿದಾರರು ಉಳುತ್ತಿದ್ದರು. ಭೂಮಿ ತೆರೆದು ಇಪ್ಪತ್ತು ವರ್ಷ ತುಂಬುವುದರೊಳಗೆ! ಅದೇ ಗೇಣಿದಾರರು, ಅದೇ ಗಣಿ ಕೂಲಿಗಳು ಸೇರಿ ಒಕ್ಲಹೋಮದಲ್ಲಿ ಅಮೇರಿಕದ ಅತಿ ಬಲಿಷ್ಠ ಸಮಾಜವಾದಿ ಪಕ್ಷಗಳಲ್ಲೊಂದನ್ನು ಕಟ್ಟಿದರು ಎಂಬುದನ್ನು ನಮ್ಮ ಎಷ್ಟು ಜನ ಕಾರ್ಯಕರ್ತರು ಬಲ್ಲರು? 1914ರಲ್ಲಿ ಗವರ್ನರ್ ಹುದ್ದೆಗೆ ನಿಂತ ಸಮಾಜವಾದಿ ಅಭ್ಯರ್ಥಿಗೆ 52 ಸಾವಿರಕ್ಕೂ ಹೆಚ್ಚು ಮತ ಬಿದ್ದವು. ಐದರಲ್ಲಿ ಒಂದು ಮತ. ಭೂಮಿ ಗೆದ್ದೆವೆಂದು ಓಡಿ ಬಂದವರ ಮಕ್ಕಳು ಭೂಮಿ ಯಾರದೆಂದು ಕೇಳುವ ಪಕ್ಷಕ್ಕೆ ಮತ ಹಾಕಿದರು.

ಇರಲಿ. ದೂರದ ಮಾತಾಯಿತು. ನಮ್ಮ ತುಂಗಭದ್ರೆಗೆ ಬರೋಣ.

ಮುಂಡರಗಿಯಿಂದ ಹೊರಟು ಕೊಪ್ಪಳ ದಾಟಿ, ಗಂಗಾವತಿ, ಕಾರಟಗಿ, ಸಿಂಧನೂರಿನ ರಸ್ತೆ ಹಿಡಿದರೆ ನಮ್ಮ ಸೀಮೆಯವನ ಕಣ್ಣಿಗೆ ಕತ್ತಲೆ ಬರುವಷ್ಟು ಹಸಿರು. ನಾವು ಬಿಳಿಜೋಳ, ಕಡಲೆ, ಹತ್ತಿ, ಶೇಂಗಾದ ಜನ. ಅಲ್ಲಿ ಎರಡೂ ಬದಿಗೆ ಬತ್ತ, ಬತ್ತ, ಬತ್ತ. ನಡುನಡುವೆ ಅಕ್ಕಿ ಗಿರಣಿಗಳ ಹೊಗೆ. ಊರುಗಳ ಹೆಸರಿನ ಬಾಲಕ್ಕೆ ‘ಕ್ಯಾಂಪು’ ಎಂಬ ಶಬ್ದ. ಕ್ಯಾಂಪು ಎಂದರೆ ನಾಲ್ಕು ದಿನದ ಬಿಡಾರ. ಆ ಬಿಡಾರಗಳಿಗೆ ಎಪ್ಪತ್ತು ವರ್ಷ ತುಂಬುತ್ತ ಬಂದವು. ಅಲ್ಲಿ ಶಾಲೆ ಇವೆ, ರಾಮನ ಗುಡಿ ಇವೆ, ಇಗರ್ಜಿ ಇವೆ, ಮೂರನೆಯ ತಲೆಮಾರಿನ ಮಕ್ಕಳು ಓಡಾಡುತ್ತಿದ್ದಾರೆ. ಹೆಸರು ಮಾತ್ರ ಕ್ಯಾಂಪು.

ಈ ಸೀಮೆಯನ್ನು ‘ತೆರೆದದ್ದು’ ಹೀಗೆ. 1945ರ ಫೆಬ್ರುವರಿಯಲ್ಲಿ ಹೊಸಪೇಟೆಯ ಹತ್ತಿರ ಆಣೆಕಟ್ಟಿಗೆ ಅಡಿಗಲ್ಲು ಇಟ್ಟರು; ಒಂದು ದಂಡೆಗೆ ಮದ್ರಾಸು, ಇನ್ನೊಂದು ದಂಡೆಗೆ ನಿಜಾಮನ ಹೈದ್ರಾಬಾದು. 1953ರ ಜುಲೈಯಲ್ಲಿ ಕಾಲುವೆಗೆ ನೀರು ಬಿಟ್ಟರು. ಎಡದಂಡೆಯ ಕಾಲುವೆ 227 ಕಿಲೋಮೀಟರು ಹರಿದು ರಾಯಚೂರಿನ ತನಕ ಹೋಗುತ್ತದೆ. ಬರಗಾಲದ ಸೀಮೆಗೆ ಆಸರೆ ಎಂದು ಹಾಕಿದ ಯೋಜನೆ ಅದು. ಬಹುಪಾಲು ಭೂಮಿಗೆ ಜೋಳ, ಹತ್ತಿ, ಶೇಂಗಾದಂಥ ಕಡಿಮೆ ನೀರಿನ ಬೆಳೆ. ಬತ್ತಕ್ಕೆ ಸಣ್ಣದೊಂದು ಪಾಲು ಮಾತ್ರ. ನೀರನ್ನು ತೆಳ್ಳಗೆ ಹರಡಿ ಹೆಚ್ಚು ಹೊಟ್ಟೆ ತುಂಬಿಸಬೇಕೆಂಬ ಆ ಲೆಕ್ಕಾಚಾರವನ್ನು ನಾವು ಈಗಲೂ ಸರಿಯೆಂದೇ ಹೇಳುತ್ತೇವೆ.

ನೀರು ಹೊಲದ ಬದುವಿಗೆ ಬಂದು ನಿಂತಾಗ ಏನಾಯಿತೆಂಬುದನ್ನು ವಿಚಾರಿಸಬೇಕು. ಮಳೆ ನಂಬಿ ಜೋಳ ಬಿತ್ತುವವನಿಗೆ ನೀರಾವರಿ ಎಂದರೆ ಬರಿಯ ನೀರಲ್ಲ. ಇಳಿಜಾರಿನ ಹೊಲವನ್ನು ಮಟ್ಟಸ ಮಾಡಬೇಕು, ಬದು ಕಟ್ಟಬೇಕು, ಹೊಲಗಾಲುವೆ ತೋಡಬೇಕು. ಗೊಬ್ಬರ ಕೊಳ್ಳಬೇಕು, ನಾಟಿಗೆ ಆಳು ಹಚ್ಚಬೇಕು. ಮೇಲೆ ಸರಕಾರದ ನೀರಿನ ಕರ. ಇಷ್ಟಕ್ಕೆಲ್ಲ ಹಣ ಎಲ್ಲಿಂದ ಬರಬೇಕು? ಸರಕಾರ ಕೋಟಿಗಟ್ಟಲೆ ಸುರಿದು ಆಣೆಕಟ್ಟು ಕಟ್ಟಿತು, ಮೈಲುಗಟ್ಟಲೆ ಕಾಲುವೆ ತೋಡಿತು. ಕಾಲುವೆಯಿಂದ ಹೊಲದ ನಡುವಿನ ತನಕದ ಕೊನೆಯ ನೂರು ಮಾರು ದೂರವನ್ನು ಬಡ ಒಕ್ಕಲಿಗನ ಹಣೆಬರಹಕ್ಕೆ ಬಿಟ್ಟಿತು. ಸಾಹುಕಾರನ ಬಡ್ಡಿಗೆ ಸಾಲ ತಂದು ಹೊಲ ಮಟ್ಟಸ ಮಾಡಿಸುವುದಕ್ಕಿಂತ ನಾಲ್ಕು ಎಕರೆ ಮಾರಿಬಿಡುವುದೇ ಲೇಸೆಂದು ಅವನಿಗೆ ಕಂಡಿತು. ಅವನು ಮೂರ್ಖನೆಂದು ಯಾರೂ ನಗಬಾರದು. ಕೈಯಲ್ಲಿ ಕಾಸಿಲ್ಲದವನ ಲೆಕ್ಕ ಹಾಗೆಯೇ ಇರುತ್ತದೆ.

ಕೊಳ್ಳುವವರು ಬಂದರು. ಕೃಷ್ಣಾ, ಗುಂಟೂರು, ಗೋದಾವರಿ ಸೀಮೆಗಳಿಂದ ಕುಟುಂಬಗಳು ಬಂದವು. ಅಲ್ಲಿ ಡೆಲ್ಟಾದ ಭೂಮಿಗೆ ಬಂಗಾರದ ಬೆಲೆ. ಅಲ್ಲಿಯ ಒಂದೆಕರೆ ಮಾರಿದ ಹಣಕ್ಕೆ ಇಲ್ಲಿ ಹಲವು ಎಕರೆ ಸಿಗುತ್ತಿತ್ತು. ತಲೆಮಾರುಗಳಿಂದ ಕಾಲುವೆಯ ನೀರಲ್ಲಿ ಬತ್ತ ಬೆಳೆದ ಕೈಗಳು ಅವು. ಬಯಲಲ್ಲಿ ಗುಡಿಸಲು ಹಾಕಿದರು, ಜಾಲಿ ಕಡಿದರು, ಮೈಮುರಿದು ದುಡಿದರು. ಮುಂದೆ ಶ್ರೀರಾಮನಗರದಂಥ ಊರುಗಳಾದವು. ಗಂಗಾವತಿಗೆ ಬತ್ತದ ಕಣಜವೆಂಬ ಹೆಸರು ಬಂತು. ಕಾರಟಗಿ ದೊಡ್ಡ ಅಕ್ಕಿಪೇಟೆಯಾಗಿ ಬೆಳೆದು 2018ರಲ್ಲಿ ತಾಲೂಕೂ ಆಯಿತು.

ಇಲ್ಲಿ ನಮ್ಮ ವಾಚಕರಲ್ಲಿ ಕೆಲವರು, ಹಾಗಾದರೆ ತೆಲುಗರು ನಮ್ಮ ಭೂಮಿ ನುಂಗಿದರು ಎಂದು ಎದ್ದು ನಿಲ್ಲಬಹುದು. ಕೂತುಕೊಳ್ಳಿರಿ. ಆ ಮಾತು ನಮಗೆ ಒಪ್ಪಿಗೆಯಿಲ್ಲ. ದುಡಿಯಲು ಬಂದವನ ಭಾಷೆ ಹಿಡಿದು ಜಗಳ ತೆಗೆಯುವುದು ಸಾಹುಕಾರನಿಗೆ ಹಬ್ಬ. ಬಂದವರಲ್ಲಿಯೂ ಅಡವು ಇಟ್ಟು ಬಂದವರಿದ್ದರು, ಸಾಲಕ್ಕೆ ಅಂಜಿ ಬಂದವರಿದ್ದರು, ಅವರ ಬೆನ್ನಿಗೆ ಕೂಲಿಗಾಗಿ ಬಂದ ದಲಿತ ಕುಟುಂಬಗಳಿದ್ದವು. ನಮ್ಮ ಜಗಳ ಬಂದವರ ಮೇಲಲ್ಲ. ಬಾಗಿಲು ತೆರೆದು, ಹಣವಿದ್ದವರು ಮುಂದೆ ಬರಲಿ ಎಂದು ಸುಮ್ಮನೆ ನಿಂತ ಸರಕಾರದ ಮೇಲೆ. ಜಾರ್ಜಿಯಾದಲ್ಲಿ ಬಂದೂಕು ಮಾಡಿದ ಕೆಲಸವನ್ನು ಸಿಂಧನೂರಿನಲ್ಲಿ ಮುದ್ರಾಂಕದ ಕಾಗದ ಮಾಡಿತು. ಒಬ್ಬ ಸಿಪಾಯಿಯೂ ಬೇಕಾಗಲಿಲ್ಲ.

ಸರಕಾರಕ್ಕೆ ಬೇರೆ ರೀತಿ ಮಾಡುವುದು ಗೊತ್ತಿರಲಿಲ್ಲವೆ? ಗೊತ್ತಿತ್ತು. ಪೂರ್ವ ಬಂಗಾಲದಿಂದ ಬಂದ ನಿರಾಶ್ರಿತರಿಗೆ ಅದೇ ಸಿಂಧನೂರು ತಾಲೂಕಿನಲ್ಲಿ ಜಮೀನು ಕೊಟ್ಟು, ಮನೆ ಕೊಟ್ಟು, ಪುನರ್ವಸತಿ ಕ್ಯಾಂಪುಗಳನ್ನು ಸರಕಾರವೇ ಕಟ್ಟಿತು. ಆ ಬಡವರಿಗೆ ಕೊಟ್ಟದ್ದು ನ್ಯಾಯವೇ. ಹೊಲ ಮಟ್ಟಸ ಮಾಡಿಸಿ ಬೀಜ ಗೊಬ್ಬರಕ್ಕೆ ಅಗ್ಗದ ಸಾಲ ಕೊಡುವ ಅದೇ ಕೈ, ಕಾಲುವೆಯ ಪಕ್ಕದಲ್ಲೇ ಹುಟ್ಟಿದವನ ಕಡೆಗೂ ಚಾಚಿದ್ದರೆ ಅರ್ಧ ಭೂಮಿ ಅವನ ಕೈಯಲ್ಲೇ ಉಳಿಯುತ್ತಿತ್ತು ಎಂದು ನಾವು ನಂಬುತ್ತೇವೆ.

ಪೇಟೆ ಬಂದಿತು, ಸರಿ. ಬತ್ತ ಬಂದಿತು, ಗಿರಣಿ ಬಂದಿತು, ಗೊಬ್ಬರದ ಅಂಗಡಿ, ಟ್ರ್ಯಾಕ್ಟರಿನ ಮಳಿಗೆ, ಲೇವಾದೇವಿ ಬಂದಿತು. ಹೊರಗಿನವರಾಗಲಿ, ಸ್ಥಳದವರಾಗಲಿ, ಹಣ ಹೂಡಬಲ್ಲವರು ಅದರ ಯಜಮಾನರಾದರು. ಹೊಲ ಮಾರಿದವನ ಮಗ ಅದೇ ಗಿರಣಿಯಲ್ಲಿ ಚೀಲ ಹೊರುವ ಹಮಾಲನಾದ. ಅವನ ಮನೆಯಾಕೆ ತನ್ನ ಅತ್ತೆ ಜೋಳ ಕೊಯ್ದ ಹೊಲದಲ್ಲೇ ಕೆಸರಿಗಿಳಿದು ನಾಟಿ ಹಚ್ಚಿದಳು. ಸಣ್ಣ ವ್ಯಾಪಾರಿಗೂ ಆ ಪೇಟೆಯಲ್ಲಿ ಜಾಗ ಸಿಕ್ಕಿತು, ಇಲ್ಲವೆನ್ನುವುದಿಲ್ಲ. ಚಹಾದ ಅಂಗಡಿ, ಕಿರಾಣಿ, ಬಟ್ಟೆ ಅಂಗಡಿ ನಡೆದವು. ಆದರೆ ಉದ್ದರಿ ಬರೆದ ಅವನ ವಹಿ ಕೂಲಿಕಾರನ ಪಗಾರದ ಮೇಲೆ ನಿಂತದ್ದು. ಕೂಲಿ ಸಿಗದ ತಿಂಗಳು ವಹಿ ತುಂಬುತ್ತದೆ, ಗಲ್ಲೆ ಬರಿದಾಗುತ್ತದೆ. ಗದಗಿನಲ್ಲಿ ಹತ್ತಿ ಗಿರಣಿಗಳು ಒಂದೊಂದಾಗಿ ಬಾಗಿಲು ಹಾಕಿದ ವರ್ಷಗಳನ್ನು ನೋಡಿದ ವ್ಯಾಪಾರಿಗಳಿಗೆ ಇದನ್ನು ನಾವು ಬಿಡಿಸಿ ಹೇಳಬೇಕಾಗಿಲ್ಲ. ಗಿರಾಕಿಯ ಕೈಯಲ್ಲಿ ಹೊಲವಿದ್ದರೆ ಸುಗ್ಗಿಗಾದರೂ ಬಾಕಿ ತೀರುತ್ತದೆ.

ಇನ್ನು ಕಾಲುವೆಯ ಬಾಲ. ಮೇಲಿನವರು ಯೋಜನೆಯ ಲೆಕ್ಕ ಮೀರಿ ಬತ್ತ ಹಚ್ಚಿದ್ದರಿಂದ ಮಾನ್ವಿ, ರಾಯಚೂರಿನ ಕೆಳಭಾಗದ ಒಕ್ಕಲಿಗ ಪ್ರತಿ ವರ್ಷ ನೀರಿಗಾಗಿ ರಸ್ತೆಗಿಳಿಯಬೇಕಾಗಿದೆ. ನಕಾಶೆಯ ಮೇಲೆ ಅವನ ಹೊಲ ನೀರಾವರಿ. ಹೊಲದಲ್ಲಿ ಬಿರುಕು. ಜಲಾಶಯವೂ ಹೂಳು ತುಂಬಿ, ಮೂಲದಲ್ಲಿ 133 ಟಿ.ಎಂ.ಸಿ. ಹಿಡಿಯುತ್ತಿದ್ದದ್ದು ಸುಮಾರು 105ಕ್ಕೆ ಇಳಿದಿದೆ. 2024ರ ಆಗಸ್ಟದಲ್ಲಿ 19ನೆಯ ಗೇಟು ಕಿತ್ತು ಹೋದಾಗ ಎಷ್ಟು ನೀರು ಹೊಳೆಯ ಪಾಲಾಯಿತೆಂಬುದು ಎಲ್ಲರ ನೆನಪಿನಲ್ಲಿದೆ. ಕಾಲುವೆ ಹರಿಯುವ ಜಿಲ್ಲೆಗಳಿಂದಲೇ ಜನ ಬೆಂಗಳೂರಿಗೆ ಗುಳೆ ಹೋಗುವುದು ಯಾವ ಅಭಿವೃದ್ಧಿಯ ಲಕ್ಷಣ?

ಮುಳುಗಿದವರ ಹೆಸರನ್ನೂ ಇಲ್ಲಿ ಬರೆಯಬೇಕು. ಈ ಜಲಾಶಯದ ಹೊಟ್ಟೆಗೆ ಹೋದ ಊರುಗಳು ಸುಮಾರು 90. ನಾರಾಯಣದೇವರಕೆರೆಯಂಥ ತುಂಬಿದ ಊರು ನೀರಿಗೆ ಹೋಯಿತು. ಅಲ್ಲಿಯವರು ಮರಿಯಮ್ಮನಹಳ್ಳಿ ಸೇರಿದರು. ನಮ್ಮ ಮುಂಡರಗಿ ತಾಲೂಕಿನಲ್ಲೇ ಹಮ್ಮಿಗಿ ಬ್ಯಾರೇಜಿನ ಹಿನ್ನೀರಿಗೆ ಬಿದರಹಳ್ಳಿ, ವಿಠಲಾಪುರ, ಗುಮ್ಮಗೋಳದವರು ಮನೆ ಬಿಡಬೇಕಾಯಿತು. ಒಬ್ಬರ ಭೂಮಿ ತೆರೆಯಬೇಕಾದರೆ ಇನ್ನೊಬ್ಬರ ಭೂಮಿ ಮುಚ್ಚಬೇಕಾಗುತ್ತದೆ ಎಂಬುದನ್ನು ಆ ಹಿರಿಯರಿಗೆ ಉತ್ತರವಾಗಿ ಹೇಳಬಹುದಿತ್ತೇನೋ. ಆಗ ಹೊಳೆಯಲಿಲ್ಲ.

ಮುಂಡರಗಿ ತಾಲೂಕೆಂದಾಗ ಹಳ್ಳಿಗುಡಿಯ ನೆನಪು ಬರುತ್ತದೆ. 2010ರಲ್ಲಿ ಪೋಸ್ಕೋ ಎಂಬ ಕೊರಿಯಾದ ಉಕ್ಕಿನ ಕಂಪನಿಗೆ ಅಲ್ಲಿ ಕಾರಖಾನೆ ಹಾಕಲು ರಾಜ್ಯ ಸರಕಾರ ಕರಾರು ಮಾಡಿಕೊಂಡಿತು. 3,382 ಎಕರೆ ಸ್ವಾಧೀನದ ಮಾತು ಹೊರಟಿತು. ಆಗಲೂ ಪೇಟೆ ಬರುತ್ತದೆ, ಮನೆಗೊಂದು ನೌಕರಿ ಬರುತ್ತದೆ ಎಂಬ ಮಾತು ಊರೂರಲ್ಲಿ ಓಡಾಡಿತು. ಗದುಗಿನ ತೋಂಟದಾರ್ಯ ಮಠದ ಸಿದ್ಧಲಿಂಗ ಸ್ವಾಮಿಗಳು ಒಕ್ಕಲಿಗರ ಮುಂದೆ ನಿಂತರು. ಮೇಧಾ ಪಾಟಕರ ಬಂದರು. 2011ರ ಜುಲೈಯಲ್ಲಿ ಸರಕಾರ ಹಿಂದೆ ಸರಿಯಿತು, ಕಂಪನಿಯೂ ಗಂಟು ಕಟ್ಟಿತು. ಮಠಗಳ ಬಗ್ಗೆ ನಮಗಿರುವ ತಕರಾರು ನಮಗಿದೆ. ಆದರೆ 2018ರಲ್ಲಿ ತೀರಿಕೊಂಡ ಆ ಸ್ವಾಮಿಗಳ ಋಣವನ್ನು ಈ ಸೀಮೆಯ ಮಣ್ಣು ಮರೆಯುವಂತಿಲ್ಲ.

ಆ ಗೆಲುವಿನ ಒಂದು ಮಗ್ಗುಲನ್ನು ನಮ್ಮವರು ಮಾತನಾಡುವುದಿಲ್ಲ. ಹೊಲ ಕೊಡುತ್ತೇವೆ, ದರ ಹೇಳಿರಿ ಎಂದು ಬಂದ ಒಕ್ಕಲಿಗರೂ ಅಲ್ಲಿದ್ದರು. ಕಂಪನಿ ಹೋದಾಗ ಕೈಗೆ ಬಂದ ತುತ್ತು ಹೋಯಿತೆಂದು ನೊಂದವರೂ ಇದ್ದರು. ಅವರನ್ನು ಕಂಪನಿಯ ಬಾಲಬಡುಕರು ಎಂದು ಕರೆದು ಮುಗಿಸಿಬಿಡುವುದು ಸುಲಭ. ಮೂರು ವರ್ಷಕ್ಕೆ ಎರಡು ಬರ, ಹತ್ತಿ ಹಚ್ಚಿದರೆ ಹುಳ, ಉಳ್ಳಾಗಡ್ಡಿ ಬೆಳೆದರೆ ಬೆಲೆಯಿಲ್ಲ, ಮಗಳ ಮದುವೆಯ ಸಾಲ ತೀರಿಲ್ಲ. ಅಂಥವನಿಗೆ ‘ಭೂಮಿ ತಾಯಿ, ಮಾರಬೇಡ’ ಎಂದು ಭಾಷಣ ಮಾಡುವುದು ನಮಗೆ ನಾಚಿಕೆಯ ಕೆಲಸ. ಚೆರೊಕೀಗಳ ದನದ ಲಾವಣಿ ನಿಂತಾಗ ಅವರೂ ಮಾರಿದರು. ಮಾರುವವನ ಕೈಯನ್ನು ಹಿಡಿಯಬೇಕಾದರೆ ಮೊದಲು ಅವನ ಕೈಗೆ ಏನಾದರೂ ಹಾಕಬೇಕು.

ಕಾಯದೆಯೊಂದು ಅವನ ಬೆನ್ನಿಗಿತ್ತು. 1951ರಲ್ಲಿ ಕಾಗೋಡಿನ ಗೇಣಿದಾರರು ಸತ್ಯಾಗ್ರಹ ಹೂಡಿ ಜೈಲು ತುಂಬಿದ್ದು, ಡಾ. ಲೋಹಿಯಾ ಅಲ್ಲಿಗೆ ಬಂದು ಬಂಧನಕ್ಕೊಳಗಾದದ್ದು ನಮ್ಮ ಪಕ್ಷದ ಮನೆಮಾತು. ಅಂಥ ಹೋರಾಟಗಳ ಬೆನ್ನಲ್ಲಿ 1961ರ ಭೂಸುಧಾರಣೆ ಕಾಯದೆ ಬಂದಿತು. 1974ರ ತಿದ್ದುಪಡಿ ಉಳುವವನನ್ನು ಒಡೆಯನನ್ನಾಗಿ ಮಾಡಿತು. ಆ ತಿದ್ದುಪಡಿಯಲ್ಲೇ 79ಎ ಮತ್ತು 79ಬಿ ಎಂಬ ಎರಡು ಕಲಮುಗಳಿದ್ದವು. ಒಕ್ಕಲುತನವಿಲ್ಲದವನು, ಬೇರೆ ಕಡೆಯಿಂದ ದೊಡ್ಡ ಉತ್ಪನ್ನವಿದ್ದವನು ಹೊಲ ಕೊಳ್ಳಬಾರದೆಂಬುದು ಅವುಗಳ ತಾತ್ಪರ್ಯ. ಆ ಬೇಲಿಯಲ್ಲಿ ಕಂಡಿಗಳಿರಲಿಲ್ಲವೆಂದಲ್ಲ; ಸುಳ್ಳು ದಾಖಲೆ ಮಾಡಿಸಿ ನುಗ್ಗಿದವರು ಬೇಕಾದಷ್ಟು. ಆದರೆ 2020ರ ಜುಲೈಯಲ್ಲಿ, ಜನ ರೋಗಕ್ಕೆ ಅಂಜಿ ಮನೆಯಲ್ಲಿ ಕುಳಿತಿದ್ದಾಗ, ಸುಗ್ರೀವಾಜ್ಞೆಯಿಂದ ಬೇಲಿಯನ್ನೇ ಕಿತ್ತರು. ಆ ವರ್ಷವೇ ಅದಕ್ಕೆ ವಿಧಾನಮಂಡಲದ ಮುದ್ರೆಯೂ ಬಿತ್ತು. ನಮ್ಮ ಅಂತೂರ ಬೆಂತೂರದ ಹಿರಿಯರಿಗೆ ಗೊತ್ತಾಗದಂತೆ ಭೂಮಿ ‘ತೆರೆದದ್ದು’ ಆ ದಿನ. ಬಂದೂಕು ಹಾರಲಿಲ್ಲವಾದ್ದರಿಂದ ಯಾರಿಗೂ ಕೇಳಿಸಲಿಲ್ಲ.

ಹಾಗಾದರೆ ಕಾರಖಾನೆ ಬೇಡವೆ, ಪೇಟೆ ಬೇಡವೆ? ಬೇಕು. ಬೆಟಗೇರಿಯ ನೇಕಾರನ ಮಗನಿಗೆ, ಹೊಲವಿಲ್ಲದ ತಾಂಡೆಯ ಹುಡುಗನಿಗೆ ಕೆಲಸ ಬೇಕು. 1884ರಲ್ಲಿ ಗದಗಿಗೆ ರೈಲು ಬರದಿದ್ದರೆ ಹತ್ತಿಯ ಪೇಟೆ ಬೆಳೆಯುತ್ತಿರಲಿಲ್ಲ, ಗಿರಣಿಗಳು ಏಳುತ್ತಿರಲಿಲ್ಲ, ಬಹುಶಃ ಈ ವಾರಪತ್ರಿಕೆಯೂ ಇರುತ್ತಿರಲಿಲ್ಲ. ಆದರೆ ಆ ಪೇಟೆ ಬೆಳೆದಾಗ ಸುತ್ತಲಿನ ಒಕ್ಕಲಿಗನ ಕೈಯಲ್ಲಿ ಹೊಲವಿತ್ತು. ಅವನ ಹತ್ತಿಯೇ ಪೇಟೆಯ ಬಂಡವಾಳ. ಹೊಲ ಉಳಿಸಿಕೊಂಡು ಬೆಳೆದ ಪೇಟೆಗೂ, ಹೊಲ ತಿಂದು ಬೆಳೆಯುವ ಪೇಟೆಗೂ ಇರುವ ವ್ಯತ್ಯಾಸವನ್ನು ಅಡತಿ ಅಂಗಡಿಯ ಗುಮಾಸ್ತ ನಮಗಿಂತ ಚೆನ್ನಾಗಿ ಬಲ್ಲ.

ಸರಕಾರಕ್ಕೆ ನಮ್ಮ ಒತ್ತಾಯ ಕಿತ್ತ ಬೇಲಿಯನ್ನು ಮತ್ತೆ ಹಾಕಿರಿ ಎಂಬುದು. ಅದು ಆಗುವ ತನಕ ಸುಮ್ಮನೆ ಕೂಡ್ರಬೇಕಾಗಿಲ್ಲ. ಭೂಮಿ ನಿಜವಾಗಿ ಬೇಕಾದ ಕಂಪನಿಗೆ ಭೂಮಿಯನ್ನು ಲಾವಣಿಗೆ ಕೊಡಬಹುದು. ಮಾರಬೇಕೆಂಬ ಹಟ ಯಾಕೆ? ಲಾವಣಿಯ ಹಣ ವರ್ಷಾವರ್ಷ ಬರುತ್ತದೆ, ಉತಾರದಲ್ಲಿ ಹೆಸರು ನಿಲ್ಲುತ್ತದೆ. ಒಬ್ಬೊಬ್ಬನೇ ದಲಾಲನ ಮುಂದೆ ಕೂಡ್ರುವ ಬದಲು ಊರಿನವರೆಲ್ಲ ಕೂಡಿ ಒಂದೇ ಮಾತು ಆಡಿದರೆ ದರವೂ ಬೇರೆ, ಮರ್ಯಾದೆಯೂ ಬೇರೆ. ಸಾಲಕ್ಕೆ ಅಂಜಿ ಮಾರುವವನ ಸಾಲವನ್ನು ಸಂಘ ಹೊರಬೇಕು. ಇದೇನು ರಶಿಯಾದಿಂದ ತಂದ ವಿಚಾರವೆಂದು ಯಾರೂ ಗಾಬರಿಯಾಗಬೇಡಿರಿ. ಇದೇ ಗದಗ ತಾಲೂಕಿನ ಕಣಗಿನಹಾಳದಲ್ಲಿ 1905ರಲ್ಲಿ ಸಿದ್ದನಗೌಡ ಸಣ್ಣರಾಮನಗೌಡ ಪಾಟೀಲರು ಒಕ್ಕಲಿಗರ ಪತ್ತಿನ ಸಹಕಾರಿ ಸಂಘ ಕಟ್ಟಿದ್ದು ಇದೇ ಕಾರಣಕ್ಕೆ. ದೇಶದ ಸಹಕಾರ ಚಳವಳಿಯವರು ಆ ಊರಿಗೆ ಬಂದು ಹಣೆ ಹಚ್ಚಿ ಹೋಗುತ್ತಾರೆ. ನಾವು ಅದರ ಪಕ್ಕದಲ್ಲೇ ಕುಳಿತು ದಲಾಲನಿಗೆ ಚಹಾ ಕುಡಿಸುತ್ತಿದ್ದೇವೆ. 1953ರಲ್ಲಿ ತುಂಗಭದ್ರೆಯ ಎಡದಂಡೆಯ ಹಳ್ಳಿ ಹಳ್ಳಿಗೆ ಅಂಥದೊಂದು ಗಟ್ಟಿ ಸಂಘವಿದ್ದಿದ್ದರೆ ಎಂದು ಊಹಿಸಿ ನೋಡಿರಿ.

ಚೆರೊಕೀಗಳ ಕಥೆಗೆ ಒಂದು ತುದಿ ಉಳಿದಿದೆ. 2020ರ ಜುಲೈಯಲ್ಲಿ, ನಮ್ಮ ಬೇಲಿ ಕಿತ್ತ ಅದೇ ತಿಂಗಳಲ್ಲಿ, ಅಮೇರಿಕದ ಸರ್ವೋಚ್ಚ ನ್ಯಾಯಾಲಯ ಅವರ ನೆರೆಯ ಕ್ರೀಕ್ ಜನಾಂಗದ ಮೊಕದ್ದಮೆಯಲ್ಲಿ ಒಂದು ತೀರ್ಪು ಕೊಟ್ಟಿತು. ಕ್ರೀಕರ ಮೀಸಲು ಸೀಮೆಯನ್ನು ಸಂಸತ್ತು ಎಂದೂ ಕಾಯದೆ ಮಾಡಿ ರದ್ದುಮಾಡಿಲ್ಲ, ಆದ್ದರಿಂದ ಅದು ಇನ್ನೂ ಇದೆ ಎಂದಿತು. 2021ರಲ್ಲಿ ಒಕ್ಲಹೋಮದ ನ್ಯಾಯಾಲಯ ಅದೇ ನ್ಯಾಯವನ್ನು ಚೆರೊಕೀಗಳ ಮೂಡಲ ಸೀಮೆಗೂ ಅನ್ವಯಿಸಿತು. ಹೊಲಗಳೇನೂ ಮರಳಿ ಬರಲಿಲ್ಲ. ಅಪರಾಧಗಳ ವಿಚಾರಣೆ ಯಾರು ಮಾಡಬೇಕೆಂಬಂಥ ಅಧಿಕಾರದ ಮಾತು ಅದು. ಆದರೂ ನೂರು ವರ್ಷ ಸತ್ತಿತೆಂದುಕೊಂಡ ಹಕ್ಕು ಉಸಿರಾಡುತ್ತಿತ್ತು. 1891ರಲ್ಲಿ ಮಾರಿಕೊಟ್ಟ ಆ 60 ಲಕ್ಷ ಎಕರೆಗೆ ಮಾತ್ರ ಈ ತೀರ್ಪು ಮುಟ್ಟಲಿಲ್ಲ. ಅದಕ್ಕೆ ಕರಾರುಪತ್ರವಿತ್ತು.

ಆದ್ದರಿಂದ ಅಂತೂರ ಬೆಂತೂರದವರಿಗೂ, ಲಕ್ಷ್ಮೇಶ್ವರ, ಶಿರಹಟ್ಟಿ, ಮುಂಡರಗಿ ಕಡೆಯ ನಮ್ಮ ಬಂಧುಗಳಿಗೂ ಒಂದು ಬಿನ್ನಹ. ದಲಾಲ ಕೊಟ್ಟ ಯಾವ ಕಾಗದಕ್ಕೂ, ಅದು ಬರಿಯ ಸಂಚಕಾರದ ಚೀಟಿಯಾದರೂ, ಓದಿಸದೆ ಸಹಿ ಹಾಕಬೇಡಿರಿ, ಹೆಬ್ಬೆಟ್ಟು ಒತ್ತಬೇಡಿರಿ. ಕಾಗದವನ್ನೂ ಉತಾರವನ್ನೂ ತೆಗೆದುಕೊಂಡು ಸಂತೆಯ ದಿನ ಪಕ್ಷದ ಕಚೇರಿಗೆ ಬನ್ನಿರಿ. ಗಿರಣಿಯ ಪಾಳಿ ಮುಗಿಸಿ ಬರುವ ನಮ್ಮ ಹುಡುಗರು ಸಂಜೆ ಆರರಿಂದ ಅಲ್ಲಿರುತ್ತಾರೆ. ಓದಿ ಹೇಳುವುದಕ್ಕೆ ಹಣ ಬೇಡ.